"ಬರ್ಬೇಕು" ಅಂದ್ರೆ ಆರ್ಡರಾ, ರಿಕ್ವೆಸ್ಟಾ?

ಓದುಗರ ಪ್ರಶ್ನೆ: ನಾನು ಬದಿಯಡ್ಕ ಹತ್ರದವಳು, ಕಾಸರಗೋಡಿನ ಒಂದು ಬ್ಯಾಂಕಲ್ಲಿ ಕ್ಲಾರ್ಕ್. ನಮ್ಮ ಹೊಸ ಮ್ಯಾನೇಜರ್ ಕಣ್ಣೂರು ಕಡೆಯವರು, ಪಾಪ ಮನಸ್ಸಿಟ್ಟು ಕನ್ನಡ ಕಲ್ತಿದ್ದಾರೆ. ಆದ್ರೆ ಅವರು "ನಾಳೆ ಬೇಗ ಬರ್ಬೇಕು", "ಈ ಫೈಲ್ ನೋಡ್ಬೇಕು" ಅಂತ ಹೇಳುವಾಗ ಆರ್ಡರ್ ಹಾಕಿದ ಹಾಗೆ ಕೇಳ್ತದೆ, ಮನುಷ್ಯ ನೋಡಿದ್ರೆ ಭಾರೀ ಸೌಮ್ಯ. ನಾನು "ಫ್ಯಾನಿನ ಗಾಳಿ ಜೋರುಂಟಲ್ಲ ಸರ್" ಅಂದ್ರೆ ಅವರು "ಹೌದು ಹೌದು" ಹೇಳ್ತಾರೆ, ಫ್ಯಾನ್ ಹಾಗೇ ತಿರುಗ್ತಾ ಇರ್ತದೆ. ಮನೆಯಲ್ಲಿ ಅತ್ತೆ "ಬಟ್ಟೆ ಒಣಗಿತು ಕಾಣ್ತದೆ" ಅಂದ್ರೆ ಸಾಕು, ನಾನು ಎದ್ದು ಹೋಗ್ತೇನೆ, ಅವರು ಹೋಗು ಅಂತ ಹೇಳಲೇ ಇಲ್ಲ. ಶಾಲೆಯಲ್ಲಿ ವಿಧ್ಯರ್ಥ ಅಂದ್ರೆ ಆಜ್ಞೆ ಅಂತ ಕಲ್ತ ನೆನಪು. ಹಾಗಾದ್ರೆ ಆಜ್ಞೆ ಇರುದು ಎಲ್ಲಿ, ಕ್ರಿಯಾಪದದಲ್ಲಾ, ಹೇಳುವವರ ಬಾಯಲ್ಲಾ, ಕೇಳುವವರ ತಲೆಯಲ್ಲಾ?

ಉತ್ತರ:

ನಿಮ್ಮ ಕೊನೆಯ ಪ್ರಶ್ನೆಯಿಂದಲೇ ಶುರು ಮಾಡ್ತೇನೆ, ಯಾಕಂದ್ರೆ ಅದು ಸಿಕ್ಕಿದ್ರೆ ಉಳಿದ ಮೂರೂ ತನ್ನಿಂದ ತಾನೇ ಬಿಡಿಸಿಕೊಳ್ತದೆ. ನನ್ನ ಉತ್ತರ ಇಷ್ಟು: ಆಜ್ಞೆ ಇರುದು ಕ್ರಿಯಾಪದದಲ್ಲಿ ಅಲ್ಲ, ದನಿಯಲ್ಲೂ ಪೂರ್ತಿ ಇಲ್ಲ, ಕೇಳಿದವರಿಗೆ "ಇಲ್ಲ" ಅಂತ ಹೇಳ್ಲಿಕ್ಕೆ ಎಷ್ಟು ಜಾಗ ಉಳಿದಿದೆ ಅನ್ನುದರಲ್ಲಿ ಇರುದು. ಜಾಗ ಇದ್ರೆ ಅದು ವಿನಂತಿ, ಆಮಂತ್ರಣ, ಸಲಹೆ ಎಂತದೂ ಆಗಬಹುದು, ಜಾಗ ಇಲ್ಲದಿದ್ರೆ ಎಷ್ಟೇ ಬೆಣ್ಣೆ ಹಚ್ಚಿ ಹೇಳಿದ್ರೂ ಅದು ಆಜ್ಞೆಯೇ. ಕ್ರಿಯಾಪದ, ಪ್ರತ್ಯಯ, ಸ್ವಲ್ಪ, ಒಮ್ಮೆ, ಮಾರಾಯ್ರೆ ಇವೆಲ್ಲ ಆ ಜಾಗ ಎಷ್ಟು ಅಂತ ತೋರಿಸುವ ಗುರುತುಗಳು ಮಾತ್ರ, ಗುರುತು ಸುಳ್ಳೂ ಹೇಳಬಹುದು.

ಮೊದಲು ಶಾಲೆಯ ವಿಧ್ಯರ್ಥದ ಬಗ್ಗೆ. ನಿಮಗೆ ಆಜ್ಞೆ ಮಾತ್ರ ನೆನಪಿರುದು ಸಹಜ, ಉದಾಹರಣೆಗೆ ಯಾವಾಗ್ಲೂ "ನೀನು ಹೋಗು, ಅವನು ಬರಲಿ" ಅಂತ ಕೊಡ್ತಾರಲ್ಲ. ಆದ್ರೆ ಅದೇ ಪಾಠದಲ್ಲಿ ಆಶೀರ್ವಾದ, ಅಪ್ಪಣೆ, ಆಜ್ಞೆ, ಹಾರೈಕೆ ಈ ಎಲ್ಲ ಅರ್ಥಕ್ಕೂ ವಿಧ್ಯರ್ಥ ರೂಪ ಬರ್ತದೆ ಅಂತ ಹೇಳಿರ್ತಾರೆ. "ದೇವರು ಒಳ್ಳೇದು ಮಾಡಲಿ", "ಅವನು ಹಾಳಾಗಿ ಹೋಗಲಿ", "ಮುಂದಿನವರು ಒಳಗೆ ಬರಲಿ" ಮೂರರಲ್ಲೂ ಒಂದೇ "ಲಿ". ಒಂದು ಹರಕೆ, ಒಂದು ಶಾಪ, ಇನ್ನೊಂದು ಡಾಕ್ಟರ ಕ್ಲಿನಿಕ್ಕಿನ ಅಪ್ಪಣೆ. ಅಂದ್ರೆ ಹಳೇ ವ್ಯಾಕರಣ ಬರೆದವರಿಗೆ ಸ್ಪಷ್ಟ ಗೊತ್ತಿತ್ತು, ರೂಪ ಒಂದು, ಅದರಿಂದ ಮಾಡುವ ಕೆಲಸ ಹಲವು.

ಇದಕ್ಕಿಂತ ಹಿಂದೆ ಹೋದ್ರೆ ಸಂಸ್ಕೃತ ವ್ಯಾಕರಣ ಬರೆದ ಪಾಣಿನಿಯ ಒಂದು ಸೂತ್ರ ಉಂಟು, ಅಷ್ಟಾಧ್ಯಾಯಿಯ ಮೂರನೇ ಅಧ್ಯಾಯದ ಮೂರನೇ ಪಾದದಲ್ಲಿ 161ನೆಯದು. ಲಿಙ್ ಅನ್ನುವ ಪ್ರತ್ಯಯ ಎಲ್ಲೆಲ್ಲಿ ಬರ್ತದೆ ಅಂತ ಹೇಳ್ತಾ ಆರು ಕೆಲಸ ಪಟ್ಟಿ ಮಾಡ್ತಾನೆ: ವಿಧಿ, ನಿಮಂತ್ರಣ, ಆಮಂತ್ರಣ, ಅಧೀಷ್ಟ, ಸಂಪ್ರಶ್ನ, ಪ್ರಾರ್ಥನೆ. ನನಗೆ ಇದರಲ್ಲಿ ತುಂಬಾ ಇಷ್ಟದ್ದು ನಿಮಂತ್ರಣ ಮತ್ತು ಆಮಂತ್ರಣದ ನಡುವಿನ ಗೆರೆ. ನಾವೀಗ ಎರಡನ್ನೂ ಒಂದೇ ಅಂತ ಬಳಸ್ತೇವೆ, ಮದುವೆ ಕಾಗದದಲ್ಲಿ ಯಾವುದು ಚಂದ ಕಾಣ್ತದೋ ಅದನ್ನು ಹಾಕ್ತೇವೆ, ಆದ್ರೆ ವ್ಯಾಖ್ಯಾನಕಾರರು ಹೇಳುವ ಪ್ರಕಾರ ನಿಮಂತ್ರಣ ಅಂದ್ರೆ ಬರಲೇಬೇಕಾದ ಕರೆ, ಅವರು ಕೊಡುವ ಉದಾಹರಣೆ ಶ್ರಾದ್ಧದ ಊಟಕ್ಕೆ ಮಗಳ ಮಗನನ್ನು ಕರೆಯುದು, ಆಮಂತ್ರಣ ಅಂದ್ರೆ ಕಾಮಚಾರ, ಬರುದು ಬಿಡುದು ಅವನ ಇಷ್ಟ. ಇನ್ನು ಅಧೀಷ್ಟ ಅಂದ್ರೆ ದೊಡ್ಡವರನ್ನು ಗೌರವ ಕೊಟ್ಟು ಒಂದು ಕೆಲಸಕ್ಕೆ ಹಚ್ಚುದು, ಮಗನಿಗೆ ಪಾಠ ಹೇಳಿಕೊಡಿ ಅಂತ ಗುರುಗಳ ಹತ್ರ ಹೇಳುವ ಹಾಗೆ. ನೋಡಿ, ಪ್ರತ್ಯಯ ಒಂದೇ, ಆದ್ರೂ ಆರು ಕೆಲಸಗಳನ್ನು ಬೇರೆ ಮಾಡುವಾಗ ಇವರು ನೋಡಿದ್ದು ಎಂತ? ಬಾರದಿದ್ರೆ ತಪ್ಪಾಗ್ತದಾ ಇಲ್ವಾ, ಯಾರು ದೊಡ್ಡವರು, ಆಯ್ಕೆ ಯಾರ ಕೈಯಲ್ಲಿ ಉಂಟು. ನಾನು ಮೇಲೆ ಹೇಳಿದ "ಇಲ್ಲ ಅನ್ಲಿಕ್ಕೆ ಜಾಗ" ಇದೇ.

ವೇದವಾಕ್ಯಗಳ ಅರ್ಥ ವಿಚಾರ ಮಾಡುವ ಮೀಮಾಂಸಕರು ಇನ್ನೂ ಮುಂದೆ ಹೋಗಿ ನೀವು ಕೇಳಿದ್ದನ್ನೇ ಕೇಳಿದ್ರು, ಪ್ರೇರಣೆ ಎಲ್ಲಿಂದ ಬರ್ತದೆ ಅಂತ. ವೇದಕ್ಕೆ ಹೇಳಿದವ ಅಂತ ಒಬ್ಬ ಇಲ್ಲ ಅನ್ನುದು ಅವರ ಮತ, ಹಾಗಾಗಿ ಹೇಳುವವನ ಬಾಯಲ್ಲಿ ಉಂಟು ಅಂತ ಉತ್ತರ ಕೊಡ್ಲಿಕ್ಕೆ ದಾರಿಯೇ ಇಲ್ಲ. ಕುಮಾರಿಲ ಭಟ್ಟರ ಕಡೆಯವರು ಪ್ರತ್ಯಯದಲ್ಲೇ ಪ್ರೇರಿಸುವ ಶಕ್ತಿ ಉಂಟು ಅಂದ್ರು, ಅದನ್ನು ಶಾಬ್ದೀ ಭಾವನೆ ಅಂತ ಕರೆದ್ರು. ಮಂಡನ ಮಿಶ್ರರು ಒಪ್ಪಲಿಲ್ಲ, ಈ ಕೆಲಸದಿಂದ ನನಗೆ ಬೇಕಾದ್ದು ಸಿಗ್ತದೆ ಅಂತ ಕೇಳುವವನಿಗೆ ಗೊತ್ತಾಗುದೇ ಅವನನ್ನು ಎಬ್ಬಿಸುದು ಅಂದ್ರು. ಸಾವಿರ ವರ್ಷಕ್ಕಿಂತ ಹಳೇ ಚರ್ಚೆ ಇದು, ನಿಮ್ಮ ಬ್ಯಾಂಕಿನ ಫ್ಯಾನಿನವರೆಗೂ ಬಂದಿದೆ.

ಪಶ್ಚಿಮದಲ್ಲಿ ಈ ವಿಷಯ ದೊಡ್ಡದಾಗಿ ಎದ್ದದ್ದು 1955ರಲ್ಲಿ, ಆಕ್ಸ್‌ಫರ್ಡಿನ ಜೆ.ಎಲ್. ಆಸ್ಟಿನ್ ಹಾರ್ವರ್ಡಿನಲ್ಲಿ ಕೊಟ್ಟ ಉಪನ್ಯಾಸಗಳಿಂದ. ಅವರು 1960ರಲ್ಲಿ ತೀರಿಕೊಂಡ್ರು, ಉಪನ್ಯಾಸ ಅಚ್ಚಾದ್ದು 1962ರಲ್ಲಿ. ಅಲ್ಲಿಯವರೆಗೆ ತತ್ತ್ವಶಾಸ್ತ್ರದವರು ವಾಕ್ಯ ಅಂದ್ರೆ ಒಂದು ಸಂಗತಿ ತಿಳಿಸುವಂಥದ್ದು, ಅದು ನಿಜವಾ ಸುಳ್ಳಾ ನೋಡಿದ್ರೆ ಆಯ್ತು ಅಂತ ಕೂತಿದ್ರು. ಆಸ್ಟಿನ್ ಹೇಳಿದ್ದು, ಕೆಲವು ಮಾತು ಸಂಗತಿ ತಿಳಿಸುದಿಲ್ಲ, ಆಡಿದ ಕೂಡ್ಲೇ ಕೆಲಸವೇ ಆಗಿ ಹೋಗ್ತದೆ ಅಂತ. "ಮಾತು ಕೊಡ್ತೇನೆ", "ಪಂಥ ಕಟ್ತೇನೆ", "ಸಭೆ ಬರಖಾಸ್ತಾಯ್ತು". ಇದನ್ನು ಸುಳ್ಳು ಅನ್ನಲಿಕ್ಕಾಗುದಿಲ್ಲ, ಸರಿಯಾಗಿ ನಡೀಲಿಲ್ಲ ಅನ್ನಬಹುದು ಅಷ್ಟೇ. ಕನ್ನಡದಲ್ಲಿ ಇಂಥ ಮಾತಿಗೆ ನಾವು ಎಷ್ಟೋ ಸಲ ಭೂತಕಾಲ ಬಳಸ್ತೇವೆ, ಗಮನಿಸಿದ್ದೀರಾ? ಕುಂಬಳೆ ಪೇಟೆಯಲ್ಲಿ ಮೀನಿಗೆ ಚೌಕಾಸಿ ಮಾಡಿ ಮಾಡಿ ಕೊನೆಗೆ ಆಕೆ "ಸರಿ, ಕೊಟ್ಟೆ" ಅಂತಾಳೆ, ಮೀನು ಇನ್ನೂ ಬುಟ್ಟಿಯಲ್ಲೇ ಉಂಟು, ಹಣ ನಿಮ್ಮ ಕಿಸೆಯಲ್ಲೇ ಉಂಟು, ಆದ್ರೆ ವ್ಯಾಪಾರ ಮುಗಿದಾಯ್ತು, ಆ "ಕೊಟ್ಟೆ"ಯೇ ಮುಗಿಸಿದ್ದು. ಆ ಮೇಲೆ ಬೇರೆಯವರು ಬಂದು ಹೆಚ್ಚು ಕೊಡ್ತೇನೆ ಅಂದ್ರೂ ಆಕೆ ಅದನ್ನು ಎತ್ತಿ ಕೊಟ್ರೆ ನಿಮಗೆ ಜಗಳ ಮಾಡುವ ಹಕ್ಕುಂಟು.

ಸರಿಯಾಗಿ ನಡೀಬೇಕಾದ್ರೆ ಆಳು ಸರಿ ಇರಬೇಕು, ಜಾಗ ಸರಿ ಇರಬೇಕು, ಹೊತ್ತು ಸರಿ ಇರಬೇಕು. ನಮ್ಮೂರಲ್ಲಿ ಇದಕ್ಕೆ ಭೂತಕೋಲಕ್ಕಿಂತ ಒಳ್ಳೇ ಉದಾಹರಣೆ ಬೇಡ. ದರ್ಶನದಲ್ಲಿ ದೈವ ಕುಟುಂಬದವರಿಗೆ ನುಡಿ ಕೊಡ್ತದೆ, "ನಾನಿದ್ದೇನೆ, ಹೆದರ್ಬೇಡಿ" ಅಂತ, ಆ ನುಡಿಯ ಮೇಲೆ ಜನ ವರ್ಷ ಪೂರ್ತಿ ಧೈರ್ಯದಲ್ಲಿ ಬದುಕ್ತಾರೆ. ಮರುದಿನ ಬಣ್ಣ ತೆಗೆದು ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಿದ ಅದೇ ಮನುಷ್ಯ ಅದೇ ಶಬ್ದ ಹೇಳಿದ್ರೆ ಅದು ಸ್ನೇಹಿತನ ಸಮಾಧಾನ, ಅಭಯ ಅಲ್ಲ. ಶಬ್ದ ಒಂದೇ, ಗಂಟಲು ಒಂದೇ. ಹೇಳ್ಲಿಕ್ಕೆ ಇರುವ ಅಧಿಕಾರ ಬೇರೆ, ಅದನ್ನು ಒಪ್ಪಿ ಕೂತ ಜನ ಬೇರೆ. ಆಜ್ಞೆಗೂ ಹೀಗೇ. ಖಾಸಗಿ ಬಸ್ಸಿನ ಕಂಡಕ್ಟರ್ "ಮುಂದೆ ಹೋಗಿ, ಮುಂದೆ ಹೋಗಿ" ಅಂದ್ರೆ ಪ್ರೊಫೆಸರೂ ಸರೀತಾರೆ, ಅದೇ ಕಂಡಕ್ಟರ್ ಬಸ್ಸಿಂದ ಇಳಿದು ಹೋಟೆಲಿನಲ್ಲಿ ಹಾಗೆ ಹೇಳಿದ್ರೆ ಯಾರೂ ಏಳುದಿಲ್ಲ.

ಈಗ ಅತ್ತೆಯ ಬಟ್ಟೆಗೆ ಬರುವಾ. ಆಸ್ಟಿನ್ ಒಂದು ಮಾತಲ್ಲಿ ಮೂರು ಪದರ ನೋಡ್ತಾರೆ: ಆಡಿದ ಮಾತಿನ ಅರ್ಥ, ಆಡುದರ ಮೂಲಕ ಮಾಡಿದ ಕೆಲಸ, ಅದರಿಂದ ಕೇಳುವವರಲ್ಲಿ ಆದ ಪರಿಣಾಮ. "ಬಟ್ಟೆ ಒಣಗಿತು ಕಾಣ್ತದೆ", ಅರ್ಥ ಬಟ್ಟೆಯ ಸ್ಥಿತಿ, ಕೆಲಸ ತೆಗೆದುಕೊಂಡು ಬಾ ಅನ್ನುದು, ಪರಿಣಾಮ ನೀವು ಎದ್ದದ್ದು. ಆಕ್ಸ್‌ಫರ್ಡಿನಲ್ಲಿ ಆಸ್ಟಿನ್ನರ ಹತ್ರ ಕಲಿತ ಜಾನ್ ಸರ್ಲ್ 1969ರಲ್ಲೂ 1975ರಲ್ಲೂ ಇದನ್ನು ಇನ್ನಷ್ಟು ಬಿಡಿಸಿದ್ರು. ಒಂದು ವಿನಂತಿ ವಿನಂತಿ ಆಗ್ಬೇಕಾದ್ರೆ ಮುಂದೆ ಕೇಳುವವರು ಮಾಡುವ ಒಂದು ಕೆಲಸದ ಬಗ್ಗೆ ಅದಿರಬೇಕು, ಅವರಿಗೆ ಮಾಡ್ಲಿಕ್ಕೆ ಆಗುವಂತಿರಬೇಕು, ಹೇಳದಿದ್ರೂ ಅವರು ತಾವೇ ಮಾಡ್ತಾರೆ ಅನ್ನುದು ಖಾತ್ರಿ ಇರಬಾರದು, ಹೇಳುವವರಿಗೆ ಅದು ನಿಜವಾಗ್ಲೂ ಬೇಕಿರಬೇಕು. ಆಜ್ಞೆಯಾದ್ರೆ ಇದರ ಮೇಲೆ ಇನ್ನೊಂದು, ಹೇಳುವವರಿಗೆ ಅಧಿಕಾರ ಇರಬೇಕು. ಸರ್ಲ್ ಕಂಡುಹಿಡಿದ ಚಂದದ ಸಂಗತಿ ಅಂದ್ರೆ, ನೇರ ಕೇಳದೆ ಸುತ್ತಿ ಕೇಳುವಾಗ ನಾವು ಹೆಚ್ಚಾಗಿ ಈ ಷರತ್ತುಗಳಲ್ಲಿ ಒಂದನ್ನು ಮುಟ್ಟಿ ಬಿಡ್ತೇವೆ. "ನಿಮ್ಗೆ ಆ ಕಡೆ ಹೋಗ್ಲಿಕ್ಕುಂಟಾ?" ಅಂತ ಕೇಳಿದ್ರೆ ಆಗ್ತದಾ ಅನ್ನುವ ಷರತ್ತು ಮುಟ್ಟಿದ್ದು, ಬೈಕಲ್ಲಿ ಕರ್ಕೊಂಡು ಹೋಗಿ ಅನ್ನುದು ಅದರ ಹಿಂದೆ ಉಂಟು. "ನಂಗೊಂದು ಫಾರ್ಮ್ ಬೇಕಿತ್ತು" ಅಂದ್ರೆ ಬೇಕು ಅನ್ನುವ ಷರತ್ತು ಮುಟ್ಟಿದ್ದು.

ಆದ್ರೆ ಅತ್ತೆ ಯಾವ ಷರತ್ತನ್ನೂ ಮುಟ್ಟಲಿಲ್ಲ, ಬರೀ ಬಟ್ಟೆಯ ಸುದ್ದಿ ಹೇಳಿದ್ರು. ಇದು ಸೂಚನೆ, ಹಿಂಟ್. ಅಮೆರಿಕದ ಸೂಸನ್ ಎರ್ವಿನ್-ಟ್ರಿಪ್ 1976ರಲ್ಲಿ ಅಲ್ಲಿಯ ಜನ ಒಬ್ರಿಂದೊಬ್ರು ಕೆಲಸ ಮಾಡಿಸಿಕೊಳ್ಳುವ ರೀತಿಗಳನ್ನು ವಿಂಗಡಿಸಿದಾಗ, ಹಿಂಟ್ ಹೆಚ್ಚು ಓಡಾಡುದು ಒಟ್ಟಿಗೇ ಬದುಕುವವರ ನಡುವೆ, ಮನೆಯೊಳಗೆ, ಯಾರ ಕೆಲಸ ಯಾವುದು ಅಂತ ಎಲ್ರಿಗೂ ಗೊತ್ತಿರುವಲ್ಲಿ ಅಂತ ಕಂಡ್ರು. ನಿಮ್ಮ ಮನೆಯಲ್ಲಿ ಸಂಜೆ ಬಟ್ಟೆ ತೆಗೆಯುದು ಯಾರ ಪಾಲಿಗೆ ಬಂದಿದೆ ಅನ್ನುದು ತೀರ್ಮಾನ ಆಗಿ ಹೋಗಿದೆ. ಹಾಗಾಗಿ ಅತ್ತೆ ಆಜ್ಞೆ ಮಾಡ್ಬೇಕಾಗಿಲ್ಲ, ನೆನಪು ಮಾಡಿದ್ರೆ ಸಾಕು. ಅದೇ ಮಾತು ಅವರು ಮಗನ ಕಿವಿಗೆ ಬೀಳುವ ಹಾಗೆ ಹೇಳಿದ್ರೆ ನಿಮ್ಮ ಗಂಡ ಮೊಬೈಲ್ ನೋಡ್ತಾ "ಹೂಂ, ಒಳ್ಳೇ ಬಿಸಿಲಲ್ವಾ" ಅನ್ನಬಹುದು, ಅದು ದಡ್ಡತನ ಅಲ್ಲ, ಆ ಕೆಲಸ ತನ್ನದು ಅಂತ ಅವರ ಮನಸ್ಸಲ್ಲಿ ಇಲ್ಲ. ಇಲ್ಲಿ ನನ್ನ ಅಭಿಪ್ರಾಯ ಸ್ವಲ್ಪ ಗಟ್ಟಿಯಾಗೇ ಹೇಳ್ತೇನೆ: ಹಿಂಟ್ ಅಂದ್ರೆ ಮೃದು ಅಂತ ತಿಳ್ಕೊಳ್ಬಾರದು. ಹೇಳದೇ ಇದ್ದದ್ದಕ್ಕೆ ಇಲ್ಲ ಅಂತ ಹೇಳುದು ಹೇಗೆ? "ಹೋಗಿ ಬಟ್ಟೆ ತಾ" ಅಂದಿದ್ರೆ "ಕಾಲು ನೋಯ್ತಾ ಉಂಟತ್ತೆ, ಇವರತ್ರ ಹೇಳ್ತೇನೆ" ಅನ್ನಬಹುದಿತ್ತು. ಬಟ್ಟೆ ಒಣಗಿತು ಅನ್ನುವ ಮಾತಿಗೆ ಹಾಗೆ ಉತ್ತರ ಕೊಟ್ರೆ ನಾನೇನು ನಿನ್ನತ್ರ ಹೇಳಿದೆನಾ ಅಂತ ಬರ್ತದೆ. ಮನೆಯೊಳಗೆ ಎಷ್ಟೋ ಸಲ ಸೊಸೆಯಂದಿರಿಗೆ ಇಲ್ಲ ಅನ್ಲಿಕ್ಕೆ ಜಾಗ ಎಲ್ಲಕ್ಕಿಂತ ಕಮ್ಮಿ ಇರುದು ಇಂಥ ಮೆತ್ತಗಿನ ಮಾತಲ್ಲೇ.

ಮ್ಯಾನೇಜರಿಗೆ ನಿಮ್ಮ ಫ್ಯಾನ್ ಯಾಕೆ ಮುಟ್ಟಲಿಲ್ಲ ಅನ್ನುದಕ್ಕೂ ಇದೇ ಕಾರಣ. ಹಿಂಟ್ ದಾಟ್ಬೇಕಾದ್ರೆ ಭಾಷೆ ಗೊತ್ತಿದ್ರೆ ಸಾಲದು, ಒಟ್ಟಿಗೆ ಬದುಕಿದ ಇತಿಹಾಸ ಬೇಕು. ಎರಡನೇ ಭಾಷೆಯಲ್ಲಿ ಕೇಳುವವರು ಮೊದಲು ಶಬ್ದದ ಅರ್ಥ ಹಿಡೀತಾರೆ, ಅದು ಹಿಡಿದಾಗಲೇ ಅರ್ಧ ಶ್ರಮ ಮುಗಿದಿರ್ತದೆ, ಹಿಂದೆ ಅಡಗಿದ ಕೆಲಸ ಹುಡುಕ್ಲಿಕ್ಕೆ ಉಸಿರಿರುದಿಲ್ಲ, ಗಾಳಿ ಜೋರುಂಟಾ, ಹೌದು ಉಂಟು, ಮುಗೀತು. ಅವರತ್ರ "ಫ್ಯಾನ್ ಸ್ವಲ್ಪ ಕಮ್ಮಿ ಮಾಡುವಾ ಸರ್" ಅನ್ನಿ. ಈ "ಮಾಡುವಾ" ನಮ್ಮ ಕಡೆಯ ಕನ್ನಡದ ದೊಡ್ಡ ಸೊತ್ತು. ಏಳುವವ ಒಬ್ಬನೇ ಆದ್ರೂ ಮಾತಲ್ಲಿ ಇಬ್ರೂ ಸೇರಿದ ಹಾಗೆ ಆಗ್ತದೆ, ಹಲ್ಲಿನ ಡಾಕ್ಟರು "ಬಾಯಿ ತೆರೆಯುವಾ" ಅಂತಾರೆ, ಟೀಚರು "ಪುಸ್ತಕ ತೆಗೆಯುವಾ" ಅಂತಾರೆ, ಕೆಳಗಿನವರು ಮೇಲಿನವರಿಗೂ ಹೇಳಬಹುದು, ಯಾರ ಮರ್ಯಾದೆಗೂ ಪೆಟ್ಟಿಲ್ಲ.

ಇನ್ನು ಮುಖ್ಯ ವಿಷಯ, "ಬರ್ಬೇಕು". ಕನ್ನಡದ ಬೇಕು ಅನ್ನುವ ಮಾತಿಗೆ ಲಿಂಗ ವಚನ ಪುರುಷ ಯಾವುದೂ ಅಂಟುದಿಲ್ಲ, ಯಾರಿಗೆ ಬೇಕು, ಯಾಕೆ ಬೇಕು ಅಂತ ಅದು ಹೇಳುದೇ ಇಲ್ಲ, ನಿಯಮಕ್ಕೆ ಬೇಕಾ, ನನ್ನ ಆಸೆಗೆ ಬೇಕಾ, ನಿನ್ನ ಒಳ್ಳೇದಕ್ಕೆ ಬೇಕಾ, ಅದನ್ನು ಕೇಳುವವರೇ ತುಂಬಿಸ್ಕೊಳ್ಬೇಕು. ಹಾಗಾಗಿ ಒಂದೇ ಬೇಕು ಎರಡು ತುದಿಯಲ್ಲೂ ಕೆಲಸ ಮಾಡ್ತದೆ. ಮದುವೆ ಹೇಳಿಕೆಗೆ ಬಂದವರು "ಎಲ್ರೂ ಮುಂಚಿನ ದಿನವೇ ಬರ್ಬೇಕು" ಅಂತಾರೆ, ಹವ್ಯಕರಾದ್ರೆ "ಎಲ್ಲೋರೂ ಬರೆಕ್ಕು", ತುಳುವಿನಲ್ಲಿ "ಮಾತೆರ್ಲಾ ಬರೊಡು". ಯಾರಾದ್ರೂ ಇದನ್ನು ಆರ್ಡರ್ ಅಂತ ತಿಳ್ಕೊಂಡದ್ದುಂಟಾ? ಬದಲಿಗೆ "ಆದ್ರೆ ಬನ್ನಿ" ಅಂದ್ರೆ ಬೇಜಾರು. ಇಲ್ಲಿ ಇಲ್ಲ ಅನ್ಲಿಕ್ಕೆ ಜಾಗ ಕೊಡುದೇ ಅವಮರ್ಯಾದೆ, ಜಾಗ ಮುಚ್ಚಿ ಒತ್ತಾಯ ಮಾಡುದು ಮರ್ಯಾದೆ. ಬ್ರಿಟನ್ನಿನ ಜೆಫ್ರಿ ಲೀಚ್ 1983ರಲ್ಲಿ ಇದಕ್ಕೊಂದು ಲೆಕ್ಕಾಚಾರ ಕೊಟ್ರು, ಕೆಲಸದ ಭಾರ ಕೇಳುವವರ ಮೇಲೆ ಬೀಳುದಾದ್ರೆ ಮಾತು ಸುತ್ತಿ ಹೋದಷ್ಟೂ ಮರ್ಯಾದೆ, ಲಾಭ ಕೇಳುವವರಿಗೇ ಆದ್ರೆ ನೇರ ಹೇಳಿದಷ್ಟೂ ಮರ್ಯಾದೆ. ಊಟದ ಪಂಕ್ತಿಯಲ್ಲಿ "ಇನ್ನೊಂದು ಹೋಳಿಗೆ ಹಾಕಿಸ್ಕೊಳ್ಳಲೇಬೇಕು" ಅಂತ ಗದರುದು ಪ್ರೀತಿ. ಅದೇ ಮನೆಯವರು ನಿಮ್ಮತ್ರ ಸಾಲ ಕೇಳುವಾಗ "ಹತ್ತು ಸಾವಿರ ಕೊಡಲೇಬೇಕು" ಅಂದ್ರೆ ಅದು ಬೇರೆಯೇ ಕಥೆ.

ಮಲಯಾಳದಲ್ಲಿ ಇದರ ಜೋಡಿ "ಣಂ". ವರಣಂ, ಇರಿಕ್ಕಣಂ, ಕ್ಷಮಿಕ್ಕಣಂ. ಬೇಕು ಅಂತಲೇ ಅದರ ಅರ್ಥ, ಆದ್ರೆ ಬರೀ "ವಾ" ಅನ್ನುದಕ್ಕಿಂತ "ವರಣಂ" ಮೆತ್ತಗೆ, ದಿನನಿತ್ಯದ ಮರ್ಯಾದೆಯ ಕೋರಿಕೆಯಲ್ಲಿ ಧಾರಾಳ ಓಡ್ತದೆ. ನಮ್ಮಲ್ಲೂ "ಕ್ಷಮಿಸ್ಬೇಕು", "ದಯಮಾಡಿಸ್ಬೇಕು" ಉಂಟು, ಆದ್ರೆ ಅದು ವೇದಿಕೆಯದ್ದು, ಹೇಳಿಕೆಯದ್ದು, ತಾಳಮದ್ದಳೆಯಲ್ಲಿ ದೂತ ಬಂದು "ಅಪ್ಪಣೆಯಾಗಬೇಕು" ಅನ್ನುವಂಥದ್ದು. ಆಫೀಸಿನ ಮೇಜಿನ ಆಚೆಯಿಂದ, ಮೇಲಿನವರ ಬಾಯಿಂದ, ಭಾರ ನಿಮ್ಮ ಮೇಲೆ ಬೀಳುವ ಕೆಲಸಕ್ಕೆ ಬರುವ ಬೇಕು ಕನ್ನಡದ ಕಿವಿಗೆ ನಿಯಮವಾಗಿ ಕೇಳ್ತದೆ. ನಿಮ್ಮ ಮ್ಯಾನೇಜರ್ ಕನ್ನಡದ ಶಬ್ದ ಹಾಕಿ ಮಲಯಾಳದ ಮರ್ಯಾದೆ ಕೊಡ್ತಾ ಇದ್ದಾರೆ, ಅದು ನಿಮ್ಮ ಹತ್ರ ಮುಟ್ಟುವಾಗ ತಿರುಗಿ ಹೋಗ್ತಾ ಉಂಟು. ಅವರು ಮರ್ಯಾದೆ ತಪ್ಪಿದ್ದಲ್ಲ, ಮರ್ಯಾದೆ ಕೊಡ್ಲಿಕ್ಕೆ ಹೋದದ್ದರಿಂದಲೇ ಹೀಗಾದದ್ದು. ಸಪ್ತಭಾಷೆಗಳ ನಾಡು ಅಂತ ನಾವು ಹೆಮ್ಮೆಯಿಂದ ಹೇಳುವ ಈ ಊರಲ್ಲಿ ಎಷ್ಟು ಮುನಿಸು ಇಂಥ ಒಂದೊಂದು ಪ್ರತ್ಯಯದಿಂದ ಹುಟ್ಟಿರಬಹುದು ಅಂತ ಯೋಚಿಸಿದ್ರೆ ನಿಜಕ್ಕೂ ಬೇಜಾರಾಗ್ತದೆ.

"ಹಾಗಾದ್ರೆ ನಾವು ದಯವಿಟ್ಟು ಅಂತ ಹೇಳಿದ್ರೆ ಎಲ್ಲ ಸರಿಯಾಗ್ತದಲ್ಲ" ಅಂತ ಕೆಲವರು ಕೇಳ್ತಾರೆ. ದಯವಿಟ್ಟು ಬೋರ್ಡಿನಲ್ಲುಂಟು, ಮೈಕಿನಲ್ಲುಂಟು, ಅರ್ಜಿಯಲ್ಲುಂಟು, ಅಡಿಗೆ ಕೋಣೆಯಲ್ಲಿ ಇಲ್ಲ. ತಂಗಿಯ ಹತ್ರ "ದಯವಿಟ್ಟು ನೀರು ಕೊಡು" ಅಂದ್ರೆ ಅವಳು ಎಂತ ಆಯ್ತು ಇವನಿಗೆ ಅಂತ ಮುಖ ನೋಡ್ತಾಳೆ. ನಾವು ಮಾತಾಡುವಾಗ ಆ ಕೆಲಸ ಮಾಡುದು ಸಣ್ಣ ಸಣ್ಣ ಮಾತುಗಳು. "ಸ್ವಲ್ಪ ಜಾಗ ಬಿಡಿ" ಅನ್ನುವಾಗ ಬೇಕಾದ್ದು ಪೂರ್ತಿ ಜಾಗವೇ, ಸ್ವಲ್ಪ ಅನ್ನುದು ಜಾಗಕ್ಕಲ್ಲ, ಕೇಳಿಕೆಯ ಭಾರಕ್ಕೆ. "ಒಮ್ಮೆ ಇಲ್ಲಿ ಬನ್ನಿ", "ಒಂದು ಸೈನ್ ಹಾಕಿ ಕೊಡಿ ಆಯ್ತಾ", "ಬಾಗಿಲು ಹಾಕಿ ಮಾರಾಯ್ರೆ". ಆ ಆಯ್ತಾ ಕೊನೆಯಲ್ಲಿ ಒಪ್ಪಿಗೆ ಕೇಳ್ತದೆ, ಕೇಳಿದ ಮಟ್ಟಿಗೆ ಇಲ್ಲ ಅನ್ಲಿಕ್ಕೆ ಸಣ್ಣ ಬಾಗಿಲು ತೆರೆದ ಹಾಗೆ. ಮತ್ತೆ ಭೂತಕಾಲದ "ಬೇಕಿತ್ತು". ಅಂಗಡಿಯಲ್ಲಿ "ಅರ್ಧ ಕೆಜಿ ಬೆಲ್ಲ ಬೇಕಿತ್ತು", ಗ್ರಾಮ ಕಚೇರಿಯಲ್ಲಿ "ಒಂದು ಸರ್ಟಿಫಿಕೇಟ್ ಬೇಕಿತ್ತು ಸರ್". ಬೇಕಾದ್ದು ಈಗಲೇ, ಆದ್ರೆ ಹಿಂದಿನದ್ದು ಅಂತ ಹೇಳಿದ್ರೆ ಒತ್ತಡ ಇಳೀತದೆ. ಮಲಯಾಳದವರೂ ಅದೇ ಜಾಗದಲ್ಲಿ "ವೇಣಮಾಯಿರುನ್ನು" ಅಂತಾರೆ, ಈ ವಿಷಯದಲ್ಲಿ ಗಡಿಯ ಎರಡೂ ಕಡೆ ಒಂದೇ ಬುದ್ಧಿ.

ಪೆನೆಲೊಪಿ ಬ್ರೌನ್ ಮತ್ತು ಸ್ಟೀಫನ್ ಲೆವಿನ್ಸನ್ ಅಂತ ಇಬ್ರು 1978ರಲ್ಲಿ ಮರ್ಯಾದೆಯ ಬಗ್ಗೆ ದೊಡ್ಡ ಸಿದ್ಧಾಂತ ಕಟ್ಟಿದ್ರು, ಅದರ ಒಂದು ಕಾಲು ನಮ್ಮ ನೆರೆಯಲ್ಲೇ ಊರಿದೆ, ಕೊಯಮತ್ತೂರು ಜಿಲ್ಲೆಯ ಒಂದು ಹಳ್ಳಿಯ ತಮಿಳು. ಇಬ್ರ ನಡುವೆ ಅಧಿಕಾರ ಎಷ್ಟು, ದೂರ ಎಷ್ಟು, ಕೇಳಿದ ಕೆಲಸದ ಭಾರ ಎಷ್ಟು, ಈ ಮೂರನ್ನು ಕೂಡಿಸಿದ್ರೆ ಮಾತು ಎಷ್ಟು ಸುತ್ತಿ ಹೋಗ್ಬೇಕು ಅಂತ ಗೊತ್ತಾಗ್ತದೆ ಅನ್ನುದು ಅವರ ವಾದ. ಉಪಯೋಗದ ಲೆಕ್ಕ, ಆದ್ರೆ ಎಲ್ಲ ಕಡೆಗೂ ಹೊಂದುದಿಲ್ಲ. ಇಂಗ್ಲಿಷಿನಲ್ಲಿ ಊಟದ ಮೇಜಲ್ಲಿ ಉಪ್ಪು ಕೇಳುವಾಗ ನಿಮಗೆ ಕೊಡ್ಲಿಕ್ಕೆ ಆಗ್ತದಾ ಅಂತ ಕೇಳ್ತಾರೆ, ಸರ್ಲರ ಕಾಲದಿಂದ ಅದು ಪ್ರಸಿದ್ಧ ಉದಾಹರಣೆ. ನಮ್ಮಲ್ಲಿ ಚಿಕ್ಕಮ್ಮನ ಹತ್ರ "ಉಪ್ಪು ಕೊಡ್ಲಿಕ್ಕೆ ಆಗ್ತದಾ" ಅಂತ ಕೇಳಿ ನೋಡಿ, ಜಗಳ ಶುರು! "ಚಿಕ್ಕಮ್ಮ, ಉಪ್ಪು ಕೊಡಿ" ಅಂದ್ರೆ ಮರ್ಯಾದೆ ಪೂರ್ತಿ ಬಂತು, ಚಿಕ್ಕಮ್ಮ ಅಂತ ಕರೆದದ್ದರಲ್ಲೂ "ಕೊಡಿ"ಯ ಇಕಾರದಲ್ಲೂ. ಪೋಲೆಂಡಿನಲ್ಲಿ ಹುಟ್ಟಿ ಆಸ್ಟ್ರೇಲಿಯದಲ್ಲಿ ಕಲಿಸಿದ ಅನ್ನಾ ವಿಯೆರ್ಜ್ಬಿಟ್ಸ್ಕಾ 1985ರಲ್ಲೇ ಇದನ್ನು ಹೇಳಿದ್ರು, ಪೋಲಿಷಿನಲ್ಲಿ ನೇರ ಕ್ರಿಯಾಪದ ಒರಟಲ್ಲ, ಇಂಗ್ಲಿಷಿನ ಅಭ್ಯಾಸವನ್ನು ಲೋಕದ ನಿಯಮ ಮಾಡ್ಬೇಡಿ ಅಂತ. ಮಿಷೆಲ್ ರೊಸಾಲ್ಡೊ 1982ರಲ್ಲಿ ಫಿಲಿಪೀನ್ಸಿನ ಇಲೊಂಗೊಟ್ ಜನರ ಬಗ್ಗೆ ಬರೆದದ್ದಂತೂ ಇನ್ನೂ ಗಟ್ಟಿ, ಅಲ್ಲಿ ನೇರವಾಗಿ ಹೇಳುದೇ ದಿನದ ಮಾತಿನ ನಡು, ಅದು ಅವಮಾನ ಅಲ್ಲ, ನೀನು ನಮ್ಮವ ಅಂತ ಹೇಳುವ ರೀತಿ. "ಹೋಗಿ ಎರಡು ಸೀಯಾಳ ಕೊಯ್ಕೊಂಡು ಬಾ" ಅಂತ ಅಜ್ಜ ನೆರೆಮನೆ ಹುಡುಗನಿಗೆ ಹೇಳುದನ್ನು ಕೇಳಿದವರಿಗೆ ಇದು ಅರ್ಥ ಆಗ್ತದೆ.

ಇನ್ನೊಂದು ರೂಪದ ಬಗ್ಗೆ ನೀವು ಕೇಳಲಿಲ್ಲ, ಆದ್ರೆ ಬ್ಯಾಂಕಿನಲ್ಲಿ ಕೂತವರಿಗೆ ಹೇಳದೆ ಬಿಡ್ಲಿಕ್ಕೆ ಮನಸ್ಸಿಲ್ಲ. "ಇಲ್ಲಿ ಗಾಡಿ ನಿಲ್ಲಿಸ್ಲಿಕ್ಕಿಲ್ಲ", "ಹಾಗೆಲ್ಲ ಕೇಳ್ಲಿಕ್ಕಿಲ್ಲ", "ಸಂಜೆ ಹೊತ್ತು ಗುಡಿಸ್ಲಿಕ್ಕಿಲ್ಲ". ನಮ್ಮ ಕನ್ನಡದ ಈ "ಲಿಕ್ಕಿಲ್ಲ" ಬೇಡ ಅನ್ನುದಕ್ಕಿಂತ ಎಷ್ಟೋ ಗಟ್ಟಿ. ಬೇಡ ಅಂದ್ರೆ ಹೇಳುವವ ಎದುರಿಗೇ ಇದ್ದಾನೆ, ಯಾಕೆ ಬೇಡ ಅಂತ ಅವನನ್ನು ಕೇಳಬಹುದು. ಲಿಕ್ಕಿಲ್ಲ ಅಂದ್ರೆ ಹೇಳಿದವ ಮಾಯ, ಲೋಕ ಇರುದೇ ಹಾಗೆ ಅನ್ನುವ ಹಾಗೆ ಕೇಳ್ತದೆ. ಮಕ್ಕಳ ಹತ್ರ ಇದು ಚಲ್ತಾ ಇರಲಿ. ಕಚೇರಿಯ ಕಿಟಕಿಯಲ್ಲಿ "ಕನ್ನಡದಲ್ಲಿ ಅರ್ಜಿ ಕೊಡ್ಲಿಕ್ಕಿಲ್ಲ" ಅಂತ ಯಾರಾದ್ರೂ ಹೇಳಿದ್ರೆ ಮಾತ್ರ ಹಾಗೇ ತಿರುಗಿ ಬರ್ಬಾರದು, ಆ ಮಾಯ ಆದವನನ್ನು ಎದುರಿಗೆ ಕರೀಬೇಕು, ಯಾವ ಆದೇಶ, ಯಾರದ್ದು, ತೋರಿಸಿ ಅಂತ. ಯಾಕಂದ್ರೆ ಅಹವಾಲು ಅನ್ನುದೂ ಮಾತಿಂದ ಮಾಡುವ ಒಂದು ಕೆಲಸ, ಸಂವಿಧಾನದ 350ನೇ ವಿಧಿ ಆ ಕೆಲಸದ ಭಾಷೆಯನ್ನು ನಮ್ಮ ಕೈಗೇ ಕೊಟ್ಟಿದೆ: ಕುಂದುಕೊರತೆ ಪರಿಹಾರಕ್ಕೆ ಕೇಂದ್ರದ ಅಥವಾ ರಾಜ್ಯದ ಯಾವ ಅಧಿಕಾರಿಗಾದ್ರೂ ಒಕ್ಕೂಟದಲ್ಲಿ ಅಥವಾ ಆ ರಾಜ್ಯದಲ್ಲಿ, ಸಂದರ್ಭಕ್ಕೆ ತಕ್ಕ ಹಾಗೆ, ಬಳಕೆಯಲ್ಲಿರುವ ಯಾವ ಭಾಷೆಯಲ್ಲಾದ್ರೂ ಮನವಿ ಕೊಡಬಹುದು. 1956ರ ನವೆಂಬರ್ 1ಕ್ಕೆ ನಾವು ಕೇರಳಕ್ಕೆ ಸೇರಿದ್ದು, ಆದ್ರೆ ಕನ್ನಡ ಇಲ್ಲಿ ಬಳಕೆಯಲ್ಲಿರುವ ಭಾಷೆ ಅನ್ನುದಕ್ಕೆ ಸಾಕ್ಷಿ ಬೇಕಾ? ಗೋವಿಂದ ಪೈ ಮಂಜೇಶ್ವರದಲ್ಲಿ, ಕಯ್ಯಾರ ಕಿಞ್ಞಣ್ಣ ರೈ ನಿಮ್ಮ ಬದಿಯಡ್ಕದ ಹತ್ರವೇ ಕೂತು ಬರೆದ ಭಾಷೆ ಇದು. "ಮಂಜೂರು ಮಾಡಬೇಕಾಗಿ ವಿನಂತಿ" ಅಂತ ಅರ್ಜಿಯ ಕೊನೆಯಲ್ಲಿ ಬರೀತೇವಲ್ಲ, ಅಲ್ಲೂ ನೋಡಿ ಬೇಕು ಉಂಟು, ವಿನಂತಿ ಉಂಟು, ಕೆಳಗೆ ನಿಂತು ಕೇಳಿದ್ರೂ ಹಕ್ಕಿಂದ ಕೇಳಿದ್ದು. ಇಲ್ಲ ಅನ್ಲಿಕ್ಕೆ ಜಾಗ ಅಧಿಕಾರಿಗೂ ಸುಮ್ಮನೆ ಇಲ್ಲ, ಕಾರಣ ಬರೆದು ಕೊಡಿ ಅಂತ ನೀವು ಕೇಳಬಹುದು.

ಇಲ್ಲ ಅನ್ನುವ ಕೆಲಸದ ಬಗ್ಗೆ ಸಣ್ಣದು. ನಾವು "ಇಲ್ಲ" ಅಂತ ಮುಖಕ್ಕೆ ಹೇಳುದು ಕಮ್ಮಿ, "ನೋಡುವಾ" ಹೇಳ್ತೇವೆ, "ಬರ್ಲಿಕ್ಕೆ ನೋಡ್ತೇನೆ" ಹೇಳ್ತೇವೆ. ನಮ್ಮವರಿಗೆ ಅದು ಮುಚ್ಚಿದ ಬಾಗಿಲು ಅಂತ ಗೊತ್ತು. ಹೊರಗಿಂದ ಬಂದವರು ಅದನ್ನು ಮಾತು ಕೊಟ್ಟದ್ದು ಅಂತ ತಿಳ್ಕೊಂಡು ಮರುದಿನ ಕಾಯ್ತಾರೆ. ಮ್ಯಾನೇಜರ ಹತ್ರ ನೋಡುವಾ ಬೇಡ, ಆಗ್ತದೆ ಅಂದ್ರೆ ಆಗ್ತದೆ, ಆಗುದಿಲ್ಲ ಅಂದ್ರೆ ಕಾರಣ ಸೇರಿಸಿ ಆಗುದಿಲ್ಲ.

ಈಗ ನೀವು ಮಾಡಬಹುದಾದ್ದು. ಅವರ ಬರ್ಬೇಕು ಆಜ್ಞೆಯಾ ವಿನಂತಿಯಾ ಅಂತ ಮನಸ್ಸಲ್ಲೇ ಕೊರಗುದಕ್ಕಿಂತ ಒಮ್ಮೆ ಜಾಗ ಉಂಟಾ ಅಂತ ಮುಟ್ಟಿ ನೋಡಿ. ಮುಂದಿನ ಸಲ "ನಾಳೆ ಬೇಗ ಬರ್ಬೇಕು" ಅಂದಾಗ "ಬೆಳಿಗ್ಗೆ ನಮ್ಮ ಕಡೆಯಿಂದ ಬೇಗ ಬಸ್ಸಿಲ್ಲ ಸರ್, ಅರ್ಧ ಗಂಟೆ ಆಚೆ ಈಚೆ ಆದ್ರೆ ತೊಂದ್ರೆ ಉಂಟಾ?" ಅಂತ ಕೇಳಿ. "ಅಯ್ಯೋ ಪರವಾಗಿಲ್ಲ" ಅಂತ ಬಂದ್ರೆ ಅದು ಮೊದಲಿಂದಲೂ ವಿನಂತಿಯೇ ಆಗಿತ್ತು. "ಇಲ್ಲ, ಆಡಿಟ್ ಉಂಟು" ಅಂತ ಬಂದ್ರೆ ಆಜ್ಞೆ ಹೌದು, ಆದ್ರೆ ಅದರ ಕಾರಣ ಆಡಿಟ್, ನಿಮ್ಮ ಮೇಲಿನ ದರ್ಪ ಅಲ್ಲ. ಮತ್ತೆ ಅವರಿಗೆ ಹೇಳಿಕೊಡ್ಲಿಕ್ಕೂ ಹಿಂಜರೀಬೇಡಿ, ಮನಸ್ಸಿಟ್ಟು ಕಲ್ತವರು ಅಂತ ನೀವೇ ಬರೆದಿದ್ದೀರಿ. ತಪ್ಪು ಅಂತ ಹೇಳ್ಬೇಡಿ, "ಸರ್, ಕನ್ನಡದಲ್ಲಿ ನಾವು ಇದನ್ನು ಹೀಗೆ ಹೇಳ್ತೇವೆ" ಅಂತ ಎರಡು ವಾಕ್ಯ ಕೊಡಿ ಸಾಕು. "ನಾಳೆ ಸ್ವಲ್ಪ ಬೇಗ ಬರ್ತೀರಾ?" ಒಂದು. "ಈ ಫೈಲ್ ಒಮ್ಮೆ ನೋಡಿ ಆಯ್ತಾ" ಇನ್ನೊಂದು. ವಾಟ್ಸಾಪಿನಲ್ಲಿ ಅವರು "ಬರಬೇಕು" ಅಂತ ಬರೆದ್ರೆ ಮಾತ್ರ ಇನ್ನೂ ಸ್ವಲ್ಪ ತಾಳ್ಮೆ ಇರಲಿ, ಅಲ್ಲಿ ಮುಖ ಇಲ್ಲ, ರಾಗ ಇಲ್ಲ, ಬರೀ ಪ್ರತ್ಯಯ ಉಂಟು, ಗುಂಪಲ್ಲಿ ಉತ್ತರ ಕೊಡುದಕ್ಕಿಂತ ಫೋನ್ ಮಾಡಿ ಮಾತಾಡಿದ್ರೆ ಒಳ್ಳೇದು.

ಅತ್ತೆಯ ವಿಷಯ ಮ್ಯಾನೇಜರಿಗಿಂತ ಕಷ್ಟ, ಅಲ್ಲಿ ಭಾಷೆ ಒಂದೇ ಆಗಿರುದರಿಂದ ಭಾಷೆಯ ಮೇಲೆ ಹಾಕಿ ತಪ್ಪಿಸ್ಕೊಳ್ಳಲಿಕ್ಕಿಲ್ಲ. ಒಂದು ದಾರಿ ಉಂಟು, ಅವರು ಸುದ್ದಿ ಹೇಳಿದಾಗ ನೀವೂ ಸುದ್ದಿಯಲ್ಲೇ ಉತ್ತರ ಕೊಡಿ, "ಹೌದತ್ತೆ, ಇವರಿಗೂ ಕೆಲಸ ಮುಗೀತು ಕಾಣ್ತದೆ" ಅಂತ ಗಂಡನ ಕಡೆ ನೋಡಿ ಹೇಳಿ. ಯಾರಿಗೂ ಯಾರೂ ಆಜ್ಞೆ ಮಾಡಲಿಲ್ಲ, ಬಟ್ಟೆ ತೆಗೆಯುವ ಕೆಲಸ ಯಾರದ್ದು ಅನ್ನುದು ಮಾತ್ರ ಪುನಃ ಚರ್ಚೆಗೆ ಬಂತು.